ಕಲ್ಯಾಣದ ಕತೆಯನ್ನು ಆಡುವವರು ಯಾರು?

ಕಲ್ಯಾಣ ನಮ್ಮ ಜಿಲ್ಲೆಯಲ್ಲಿದೆ. ಬೀದರ್‌ನಲ್ಲಿ ಬಸ್ಸು ಹತ್ತಿದರೆ ಎಂಬತ್ತು ಕಿಲೋಮೀಟರ್ ಆಸುಪಾಸು. ಆದರೆ ಕಲ್ಯಾಣದ ಮೇಲೆ ಕನ್ನಡದಲ್ಲಿ ಬಂದ ದೊಡ್ಡ ನಾಟಕಗಳ ಪಟ್ಟಿ ಮಾಡಲು ಕುಳಿತರೆ ಒಂದು ಸಂಗತಿ ಎದ್ದು ಕಾಣುತ್ತದೆ. ಪಿ. ಲಂಕೇಶರ ‘ಸಂಕ್ರಾಂತಿ’, ಎಚ್.ಎಸ್. ಶಿವಪ್ರಕಾಶರ ‘ಮಹಾಚೈತ್ರ’, ಗಿರೀಶ ಕಾರ್ನಾಡರ ‘ತಲೆದಂಡ’, ಎಂ.ಎಂ. ಕಲಬುರ್ಗಿಯವರ ‘ಕೆಟ್ಟಿತ್ತು ಕಲ್ಯಾಣ’. ಈ ನಾಲ್ವರಲ್ಲಿ ಒಬ್ಬರೂ ಬೀದರ್ ಜಿಲ್ಲೆಯವರಲ್ಲ. ಮನೆ ನಮ್ಮದು, ಮನೆಯ ಕತೆ ಹೇಳಿದವರು ನೆಂಟರು!

ನೆಂಟರು ಹೇಳಿದ್ದು ತಪ್ಪೆಂದು ಯಾರೂ ಅನ್ನುವುದಿಲ್ಲ. ಕಲ್ಯಾಣದ ಕತೆ ಕನ್ನಡ ಮಾತನಾಡುವ ಎಲ್ಲರ ಆಸ್ತಿ. ಆದರೂ ಕೇಳಲೇಬೇಕಾದ ಕೆಲವು ಪ್ರಶ್ನೆಗಳಿವೆ. ಒಂದು ಸಮುದಾಯದ ಕತೆಯನ್ನು ರಂಗದ ಮೇಲೆ ಯಾರು ಆಡಬೇಕು? ಹೇಗೆ ಆಡಬೇಕು? ಆಡಿದ್ದು ಆ ಸಮುದಾಯಕ್ಕೇ ಹಿಡಿಸದೆ ಹೋದರೆ ಆಮೇಲೇನು? ಈ ಪ್ರಶ್ನೆಗಳನ್ನು ನಮಗಿಂತ ಹೆಚ್ಚು ಸಲ, ನಮಗಿಂತ ಹೆಚ್ಚು ಬೆಲೆ ತೆತ್ತು ಕೇಳಿಕೊಂಡ ಒಂದು ಜನಾಂಗ ಲೋಕದಲ್ಲಿದೆ. ಅವರೇ ಯಹೂದಿಗಳು. ಅವರ ರಂಗಭೂಮಿಯ ಕತೆ ಓದುತ್ತ ಹೋದಂತೆ ನನಗೆ ಹೆಜ್ಜೆಹೆಜ್ಜೆಗೂ ನಮ್ಮ ಕಲ್ಯಾಣವೇ ನೆನಪಾಯಿತು. ರಸಾಯನಶಾಸ್ತ್ರ ಕಲಿಸುವ ಮೇಷ್ಟ್ರಿಗೆ ನಾಟಕದ ಉಸಾಬರಿ ಯಾಕೆ ಎಂದು ಕೇಳುವವರಿಗೆ ಒಂದೇ ಉತ್ತರ: ವಾರ್ಷಿಕ ಸಮ್ಮೇಳನ ಬಂತೆಂದರೆ ಮಕ್ಕಳ ನಾಟಕಕ್ಕೆ ಬಣ್ಣ ಹಚ್ಚುವ, ಪರದೆ ಕಟ್ಟುವ ಕೆಲಸ ಎಲ್ಲ ಶಾಲೆಗಳಲ್ಲೂ ವಿಜ್ಞಾನದ ಮೇಷ್ಟ್ರ ಪಾಲಿಗೇ ಬರುತ್ತದೆ. ದೀಪದ ತಂತಿ ಜೋಡಿಸುವವನು ನಾಟಕವನ್ನೂ ನೋಡುತ್ತಾನೆ.

ಯಹೂದಿ ಎಂದರೆ ನಮ್ಮ ಕಡೆಯ ಹಿರಿಯರಿಗೆ ಮೊದಲು ನೆನಪಾಗುವುದು ಸಿನೆಮಾ. 1958ರಲ್ಲಿ ಬಿಮಲ್ ರಾಯ್ ತೆಗೆದ ‘ಯಹೂದಿ’. ದಿಲೀಪ್ ಕುಮಾರ್, ಮೀನಾಕುಮಾರಿ, ಮುದುಕ ಯಹೂದಿಯ ಪಾತ್ರದಲ್ಲಿ ಸೊಹ್ರಾಬ್ ಮೋದಿ. ಅದಕ್ಕೆ ಮೂಲ ಆಗಾ ಹಶ್ರ್ ಕಾಶ್ಮೀರಿ ಎಂಬ ಉರ್ದು ನಾಟಕಕಾರರ ‘ಯಹೂದಿ ಕಿ ಲಡ್ಕಿ’. ಪಾರ್ಸಿ ಕಂಪನಿಗಳ ಕಾಲದ ಬಹು ಹೆಸರಾದ ನಾಟಕ ಅದು. ರೋಮನ್ನರ ದಬ್ಬಾಳಿಕೆಯಲ್ಲಿ ನರಳುವ ಯಹೂದಿ ತಂದೆ, ಅವನ ಸಾಕುಮಗಳು, ಅವಳನ್ನು ಪ್ರೀತಿಸುವ ರೋಮನ್ ರಾಜಕುಮಾರ. ಬರೆದವರು ಮುಸ್ಲಿಮರು, ಸಿನೆಮಾ ತೆಗೆದವರು ಬಂಗಾಳಿ, ಯಹೂದಿಯಾಗಿ ಗುಡುಗಿದವರು ಪಾರ್ಸಿ. ಪರರ ನೋವನ್ನು ತನ್ನದೆಂದು ಆಡಿ ತೋರಿಸಿದ್ದು ಭಾರತದ ರಂಗಭೂಮಿಯ ದೊಡ್ಡ ಗುಣ. ಆದರೆ ಅದು ಯಹೂದಿಗಳನ್ನು ಕುರಿತ ನಾಟಕ, ಯಹೂದಿಗಳ ನಾಟಕವಲ್ಲ. ಅಲ್ಲಿ ಯಹೂದಿಗೆ ನಮ್ಮ ಕನಿಕರ ದೊರೆಯುತ್ತದೆ. ಅವನು ತನ್ನವರ ಜೊತೆ ಜಗಳವಾಡುವುದು, ತನ್ನ ಪಂಡಿತರನ್ನು ಪ್ರಶ್ನಿಸುವುದು, ತನ್ನ ಮಗಳ ಮುಂದೆ ತಲೆ ತಗ್ಗಿಸುವುದು ಬೇಕಾದರೆ ಅವನದೇ ನಾಟಕಕ್ಕೆ ಹೋಗಬೇಕು.

ಟೆಲ್ ಅವೀವ್ ವಿಶ್ವವಿದ್ಯಾಲಯದಲ್ಲಿ ರಂಗಭೂಮಿ ಕಲಿಸಿದ ಫ್ರೆಡ್ಡಿ ರೋಕೆಮ್ ಎಂಬ ವಿದ್ವಾಂಸರು 2000ದಲ್ಲಿ ‘ಪರ್ಫಾರ್ಮಿಂಗ್ ಹಿಸ್ಟರಿ’ ಎಂಬ ಪುಸ್ತಕ ಹೊರತಂದರು. ಇತಿಹಾಸವನ್ನು ಅಭಿನಯಿಸುವುದು ಎಂದು ಅದರ ಹೆಸರಿನ ಅರ್ಥ. ಅವರು ಎತ್ತಿಕೊಂಡದ್ದು ಎರಡು ದೊಡ್ಡ ಘಟನೆಗಳನ್ನು: ಫ್ರಾನ್ಸಿನ ಮಹಾಕ್ರಾಂತಿ ಮತ್ತು ನಾಜಿಗಳು ಯಹೂದಿಗಳ ಮೇಲೆ ನಡೆಸಿದ ನರಮೇಧ. ಈ ಘಟನೆಗಳು ಎರಡನೇ ಮಹಾಯುದ್ಧದ ನಂತರದ ರಂಗಭೂಮಿಯಲ್ಲಿ ಹೇಗೆ ಮರಳಿ ಬಂದವು ಎಂಬುದು ಅವರ ವಿಚಾರ. ಅವರ ಮುಖ್ಯ ಮಾತನ್ನು ನನ್ನ ಭಾಷೆಯಲ್ಲಿ ಹೀಗೆ ಹೇಳಬಹುದು: ರಂಗದ ಮೇಲೆ ಬಸವಣ್ಣನ ವೇಷ ಹಾಕಿ ನಿಂತ ನಟ ಬಸವಣ್ಣನೂ ಅಲ್ಲ, ಇತಿಹಾಸದ ಪುಸ್ತಕವೂ ಅಲ್ಲ. ಅವನು ನಡುವಿನ ಸಾಕ್ಷಿ. ಆಗಿಹೋದ ಕಾಲವನ್ನೂ ಈಗ ಎದುರಿಗೆ ಕುಳಿತವರ ಕಾಲವನ್ನೂ ತನ್ನ ಒಂದೇ ದೇಹದಲ್ಲಿ ಜೋಡಿಸುವವನು. ಆದ್ದರಿಂದ ನಾಟಕ ನೋಡಿ ‘ಹೀಗೆ ನಡೆದಿತ್ತೆ?’ ಎಂದು ಮಾತ್ರ ಕೇಳಿದರೆ ಸಾಲದು. ‘ಇದನ್ನು ಇವತ್ತು, ನಮ್ಮ ಮುಂದೆ ಯಾಕೆ ಆಡುತ್ತಿದ್ದಾರೆ?’ ಎಂದೂ ಕೇಳಬೇಕು. ಈ ಎರಡನೆಯ ಪ್ರಶ್ನೆ ಕೇಳದವರೇ ನಾಟಕದ ಮೇಲೆ ಕಲ್ಲು ಎಸೆಯುವವರು ಎಂದು ನನಗೆ ಅನ್ನಿಸಿದ್ದುಂಟು.

ಯಹೂದಿಗಳಿಗೆ ನಾಟಕ ಸುಲಭವಾಗಿ ಒಲಿದದ್ದಲ್ಲ. ಅವರ ಮಡಿವಂತ ಪಂಡಿತರಿಗೆ ಶತಮಾನಗಳ ಕಾಲ ಅದರ ಮೇಲೆ ಅನುಮಾನ. ಸಲಿಗೆ ಇದ್ದದ್ದು ವರ್ಷಕ್ಕೊಮ್ಮೆ, ಪೂರಿಮ್ ಹಬ್ಬದಲ್ಲಿ. ಪರ್ಶಿಯಾದ ರಾಣಿ ಎಸ್ತೇರ್ ತನ್ನ ಜನವನ್ನು ಉಳಿಸಿದ ಕತೆಯನ್ನು ಆ ದಿನ ಹುಡುಗರು ಮುಖವಾಡ ಹಾಕಿ ಆಡುತ್ತಿದ್ದರು. ನಮ್ಮ ಹೋಳಿಯ ಸೋಗಿನ ಹಾಗೆ ಅದೂ ನಗೆಯಾಟ. 1876ರಲ್ಲಿ ರುಮೇನಿಯಾದ ಯಾಶಿ ಎಂಬ ಊರಿನಲ್ಲಿ ಅಬ್ರಹಾಂ ಗೋಲ್ಡ್‌ಫಾಡೆನ್ ಎಂಬಾತ ಯಿಡ್ಡಿಷ್ ಭಾಷೆಯಲ್ಲಿ ವೃತ್ತಿ ನಾಟಕ ಶುರುಮಾಡಿದ. ಯಿಡ್ಡಿಷ್ ಎಂದರೆ ಪೂರ್ವ ಯುರೋಪಿನ ಯಹೂದಿಗಳ ಮನೆಮಾತು. ಮೈ ಜರ್ಮನ್ನಿನದು, ಲಿಪಿ ಹೀಬ್ರೂವಿನದು. ಆ ಭಾಷೆಗೆ ಒಂದು ದೇಶವಿರಲಿಲ್ಲ, ರಾಜ್ಯವಿರಲಿಲ್ಲ, ದರಬಾರಿರಲಿಲ್ಲ. ವಾರ್ಸಾ, ಮಾಸ್ಕೋ, ಲಂಡನ್, ನ್ಯೂಯಾರ್ಕ್ ಎಲ್ಲೆಲ್ಲಿ ಆ ಜನ ಹೋದರೋ ಅಲ್ಲೆಲ್ಲ ನಾಲ್ಕು ಹಲಗೆ ಜೋಡಿಸಿದ ರಂಗವೇ ಅದರ ರಾಜ್ಯವಾಯಿತು.

ಈ ಕತೆಯಲ್ಲಿ ನಾನು ಬಹಳ ಮೆಚ್ಚಿದ ವ್ಯಕ್ತಿ ಎಸ್. ಆನ್‌ಸ್ಕಿ. 1863ರಲ್ಲಿ ಹುಟ್ಟಿದ ಈತ ಹರೆಯದಲ್ಲಿ ಮನೆಯ ಧರ್ಮಾಚರಣೆಯನ್ನೆಲ್ಲ ಬಿಟ್ಟು ರಷ್ಯಾದ ಗಣಿ ಕಾರ್ಮಿಕರ ನಡುವೆ ಬದುಕಿದವನು. ನಡುವಯಸ್ಸಿನಲ್ಲಿ ತನ್ನ ಜನದ ಕಡೆಗೆ ತಿರುಗಿ ಬಂದ. ಬಂದವನು ಭಾಷಣ ಮಾಡುತ್ತ ಕೂರಲಿಲ್ಲ. 1912ರಿಂದ 1914ರವರೆಗೆ ಉಕ್ರೇನಿನ ಯಹೂದಿ ಊರುಗಳನ್ನು ತಿರುಗಿದ. ಹಾಡು, ಕತೆ, ಹರಕೆ, ಮದುವೆಯ ಪದ್ಧತಿ, ದೆವ್ವ ಬಿಡಿಸುವ ಮಂತ್ರ ಎಲ್ಲವನ್ನೂ ಬರೆದುಕೊಂಡ, ಮೇಣದ ಉರುಳೆಗಳಲ್ಲಿ ದನಿ ಮುದ್ರಿಸಿದ, ಫೋಟೋ ತೆಗೆಸಿದ. ಹುಟ್ಟಿನಿಂದ ಸಾವಿನವರೆಗೆ ಒಬ್ಬ ಯಹೂದಿಯ ಬದುಕನ್ನು ಕುರಿತು 2,087 ಪ್ರಶ್ನೆಗಳ ಒಂದು ಪಟ್ಟಿಯನ್ನೇ ಅಚ್ಚು ಹಾಕಿಸಿದ. ಪ್ರಯೋಗಾಲಯದ ಶಿಸ್ತು ಎಂದರೆ ಇದು! ಅಷ್ಟರಲ್ಲಿ ಮೊದಲನೆಯ ಮಹಾಯುದ್ಧ ಬಂತು. ಆ ಪಟ್ಟಿ ಊರೂರಿಗೆ ಹೋಗಿ ಉತ್ತರ ತರುವುದು ಆಗಲೇ ಇಲ್ಲ.

ಆದರೆ ತಿರುಗಾಟದಲ್ಲಿ ಸಿಕ್ಕ ಸಾಮಗ್ರಿಯಿಂದ ಒಂದು ನಾಟಕ ಹುಟ್ಟಿತು: ‘ಡಿಬ್ಬುಕ್’. ಇಬ್ಬರು ಗೆಳೆಯರು ತಮ್ಮ ಮಕ್ಕಳಿಗೆ ಮದುವೆ ಮಾಡಿಸುವುದಾಗಿ ಮಾತು ಕೊಟ್ಟುಕೊಂಡಿರುತ್ತಾರೆ. ಒಬ್ಬ ತೀರಿಕೊಳ್ಳುತ್ತಾನೆ. ಇನ್ನೊಬ್ಬ ಶ್ರೀಮಂತನಾಗಿ ಮಗಳಿಗೆ ಸಿರಿವಂತ ವರನನ್ನು ಹುಡುಕುತ್ತಾನೆ. ಬಡ ಹುಡುಗ ಎದೆಯೊಡೆದು ಸಾಯುತ್ತಾನೆ. ಅವನ ಆತ್ಮ ಮದುವೆಯ ದಿನ ಹುಡುಗಿಯ ಮೈಮೇಲೆ ಬರುತ್ತದೆ. ಅದನ್ನು ಬಿಡಿಸಲು ಗುರುಗಳು ಕೂಡುತ್ತಾರೆ. ಮೈಮೇಲೆ ಬರುವುದನ್ನು ನಮ್ಮ ಹಳ್ಳಿಗಳಲ್ಲಿ ನೋಡದವರಿಲ್ಲ. ದೆವ್ವ ಇದೆಯೋ ಇಲ್ಲವೋ ಎಂಬುದು ತರಗತಿಯಲ್ಲಿ ನಾನು ಎತ್ತುವ ಪ್ರಶ್ನೆ. ನಾಟಕದ ಪ್ರಶ್ನೆ ಬೇರೆ: ಹಣ ಕಂಡು ಮಾತು ಮುರಿದವನಿಗೆ ಯಾವ ನ್ಯಾಯಪೀಠದಲ್ಲಿ ವಿಚಾರಣೆ? ಸತ್ತ ತಂದೆಯನ್ನೇ ವಾದಿಯಾಗಿ ಕರೆಸಿ ಊರಿನ ಪಂಚಾಯಿತಿ ಕೂಡುವ ದೃಶ್ಯ ಅದರಲ್ಲಿದೆ.

ಆನ್‌ಸ್ಕಿ ತನ್ನ ನಾಟಕವನ್ನು ರಂಗದ ಮೇಲೆ ನೋಡಲಿಲ್ಲ. 1920ರ ನವೆಂಬರಿನಲ್ಲಿ ತೀರಿಕೊಂಡ. ಮರು ತಿಂಗಳು ವಾರ್ಸಾದಲ್ಲಿ ಅದರ ಮೊದಲ ಪ್ರಯೋಗ. 1922ರಲ್ಲಿ ಮಾಸ್ಕೋದ ಹಬೀಮಾ ತಂಡ ಅದನ್ನು ಹೀಬ್ರೂ ಭಾಷೆಯಲ್ಲಿ ಆಡಿತು. ಆಡಿಸಿದ ವಖ್ತಾಂಗೊವ್ ಅರ್ಮೇನಿಯಾ ಮೂಲದವರು, ಹೀಬ್ರೂ ಬಾರದವರು! ಹಬೀಮಾ ಮುಂದೆ ಟೆಲ್ ಅವೀವ್‌ನಲ್ಲಿ ನೆಲೆಸಿ 1958ರಲ್ಲಿ ಇಸ್ರೇಲಿನ ರಾಷ್ಟ್ರೀಯ ರಂಗಭೂಮಿ ಎನಿಸಿತು. ಆನ್‌ಸ್ಕಿ ತಿರುಗಿದ ಊರುಗಳ ಗತಿಯೇನಾಯಿತು? ಎರಡನೇ ಮಹಾಯುದ್ಧದಲ್ಲಿ ನಾಜಿಗಳು ಸುಮಾರು 60 ಲಕ್ಷ ಯಹೂದಿಗಳನ್ನು ಕೊಂದರು. ಆ ಊರುಗಳ ಜನ, ಅವರ ಹಾಡು, ಅವರ ಮದುವೆಯ ಕುಣಿತ ಮಣ್ಣಾದವು. ಉಳಿದದ್ದು ಆತ ಕೂಡಿಟ್ಟ ಕಾಗದ, ಫೋಟೋ, ಉರುಳೆ, ಮತ್ತು ಒಂದು ನಾಟಕ.

ಇನ್ನೊಬ್ಬರ ಕತೆಯನ್ನೂ ಹೇಳಬೇಕು. ಶೋಲೆಮ್ ಆಶ್ ಎಂಬ ಯಿಡ್ಡಿಷ್ ಲೇಖಕ 20ನೇ ಶತಮಾನದ ಮೊದಲ ದಶಕದಲ್ಲಿ ‘ಸೇಡಿನ ದೇವರು’ ಎಂಬ ನಾಟಕ ಬರೆದ. ಕೆಳಗಿನ ಅಂತಸ್ತಿನಲ್ಲಿ ವೇಶ್ಯಾಗೃಹ ನಡೆಸುವ ಒಬ್ಬ ಯಹೂದಿ ಮೇಲಿನ ಅಂತಸ್ತಿನಲ್ಲಿ ಮಗಳನ್ನು ಮಡಿಯಲ್ಲಿ ಬೆಳೆಸಲು ಹೊರಡುತ್ತಾನೆ. ಅದಕ್ಕಾಗಿ ದುಡ್ಡು ಕೊಟ್ಟು ಧರ್ಮಗ್ರಂಥದ ಪ್ರತಿ ಬರೆಸಿ ಮನೆಗೆ ತರುತ್ತಾನೆ. ಕೆಳಗಿನ ಪಾಪ ಮೇಲೆ ಹತ್ತದೆ ಬಿಡುತ್ತದೆಯೇ? 1923ರಲ್ಲಿ ಈ ನಾಟಕ ನ್ಯೂಯಾರ್ಕಿನ ದೊಡ್ಡ ರಂಗಕ್ಕೆ ಇಂಗ್ಲಿಷಿನಲ್ಲಿ ಬಂದಾಗ ಅಶ್ಲೀಲವೆಂದು ಇಡೀ ತಂಡದ ಮೇಲೆ ಮೊಕದ್ದಮೆ ಆಯಿತು, ಶಿಕ್ಷೆಯೂ ಆಯಿತು. ಮೇಲಿನ ನ್ಯಾಯಾಲಯ ಆಮೇಲೆ ಆ ತೀರ್ಪನ್ನು ರದ್ದುಮಾಡಿತು. ದೂರು ಕೊಟ್ಟವರು ಯಾರು? ಯಹೂದಿಗಳ ಒಬ್ಬ ಧರ್ಮಗುರುವೇ. ‘ನಮ್ಮ ಮೇಲೆ ಮೊದಲೇ ದ್ವೇಷ ಕಾರುವವರಿದ್ದಾರೆ. ನಮ್ಮ ಹೊಲಸನ್ನು ಅವರ ಮುಂದೆ ತೊಳೆಯಬೇಕೆ?’ ಎಂಬುದು ಅಂಥವರ ವಾದದ ತಿರುಳು. ಇದು ಹುರುಳಿಲ್ಲದ ವಾದವಲ್ಲ. ನರಮೇಧದ ಸುದ್ದಿ ತಿಳಿದ ಮೇಲೆ ಆಶ್ ತಾನೇ ಆ ನಾಟಕ ಆಡಲು ಅನುಮತಿ ಕೊಡುವುದನ್ನು ನಿಲ್ಲಿಸಿದ. ಹೆದರಿದ ಸಮುದಾಯ ತನ್ನ ನಾಟಕಕಾರನನ್ನೂ ಹೆದರಿಸುತ್ತದೆ. ಇದನ್ನು ನೆನಪಿನಲ್ಲಿಟ್ಟುಕೊಂಡು ಈಗ ಕಲ್ಯಾಣಕ್ಕೆ ಬರೋಣ.

12ನೇ ಶತಮಾನದ ಕಲ್ಯಾಣದಲ್ಲಿ ಕಳಚೂರಿ ಬಿಜ್ಜಳ ದೊರೆ, ಬಸವಣ್ಣ ಅವನ ಅಧಿಕಾರಿ. ಸಮಗಾರ ಹರಳಯ್ಯನ ಮಗನಿಗೆ ಬ್ರಾಹ್ಮಣ ಮಧುವರಸನ ಮಗಳೊಂದಿಗೆ ಮದುವೆ. ತಂದೆಯರಿಬ್ಬರಿಗೂ ಕ್ರೂರ ಮರಣದಂಡನೆ. ಆಮೇಲೆ ಬಿಜ್ಜಳನ ಕೊಲೆ, ಶರಣರ ಚದುರಾಟ. ಇಷ್ಟು ನಮಗೆಲ್ಲ ಬಾಯಿಪಾಠ. ಆದರೆ ಇದನ್ನು ಹೇಳುವ ಆಕರಗಳನ್ನು ಪಕ್ಕಪಕ್ಕ ಇಟ್ಟು ನೋಡಿದರೆ ಒಂದಕ್ಕೊಂದು ಪೂರ್ತಿ ಹೊಂದುವುದಿಲ್ಲ. ಹರಿಹರನ ರಗಳೆ ಒಂದು ಬಗೆ. ಪಾಲ್ಕುರಿಕೆ ಸೋಮನಾಥನ ತೆಲುಗು ಬಸವಪುರಾಣ, ಅದನ್ನನುಸರಿಸಿ ಭೀಮಕವಿ 1369ರಲ್ಲಿ ಬರೆದ ಕನ್ನಡ ಬಸವಪುರಾಣ ಇನ್ನೊಂದು ಬಗೆ. ಜೈನರ ಕಡೆಯಿಂದ ಬಂದ ಬಿಜ್ಜಳನ ಚರಿತೆ ತೀರ ಬೇರೆ ಬಗೆ. 1260ರ ಅರ್ಜುನವಾಡ ಶಾಸನದಲ್ಲಿ ಬಸವಣ್ಣನ ಹೆಸರು ಬರುವುದು ನಿಜ. ಕಲ್ಲು ಅಷ್ಟಕ್ಕೇ ಸುಮ್ಮನಾಗುತ್ತದೆ. ಒಂದೇ ಬೆಳಕು ಬೇರೆಬೇರೆ ಮಸೂರಗಳಲ್ಲಿ ಹಾಯ್ದರೆ ಬಿಂಬ ಬೇರೆಬೇರೆ ಜಾಗದಲ್ಲಿ ಬೀಳುತ್ತದಲ್ಲ, ಹಾಗೆ. ಆದ್ದರಿಂದ ಕಲ್ಯಾಣದ ನಾಟಕ ಬರೆಯುವ ಯಾರೇ ಆಗಲಿ ಒಂದು ಮಸೂರವನ್ನು ಆರಿಸಿಕೊಳ್ಳಲೇಬೇಕು.

ಲಂಕೇಶರು 1971ರಲ್ಲಿ ‘ಸಂಕ್ರಾಂತಿ’ ಬರೆದಾಗ ಅವರ ಮಸೂರ ಹೊಸ ಧರ್ಮಕ್ಕೆ ಬಂದ ದಲಿತ ಯುವಕನ ಮೇಲಿತ್ತು. ಲಿಂಗ ಕಟ್ಟಿಕೊಂಡ ಮಾತ್ರಕ್ಕೆ ಅವನು ನಿಜವಾಗಿ ಬದಲಾದನೆ, ಅವನ ಹಳೆಯ ಕೇರಿ ಅವನನ್ನು ಬಿಟ್ಟಿತೆ ಎಂಬ ಇರುಸುಮುರುಸಿನ ಪ್ರಶ್ನೆ ಅಲ್ಲಿದೆ. ಶಿವಪ್ರಕಾಶರ ‘ಮಹಾಚೈತ್ರ’ 1980ರ ದಶಕದ ನಡುವಿನದು. ‘ಸಮುದಾಯ’ ತಂಡ ಅದನ್ನು ಆಡಿತು. ಅಲ್ಲಿ ಬೆಳಕು ಬೀಳುವುದು ಕಾಯಕದ ಜನರ ಮೇಲೆ, ಅವರ ಕನಸು ಮತ್ತು ಕಂಗಾಲಿನ ಮೇಲೆ. ಕಾರ್ನಾಡರ ‘ತಲೆದಂಡ’ ಬಂದದ್ದು 1990ರಲ್ಲಿ. ಮಂಡಲ ವರದಿಯ ಗಲಾಟೆ, ಮಂದಿರದ ಗಲಾಟೆ ಎರಡೂ ದೇಶವನ್ನು ಕಲಕುತ್ತಿದ್ದ ಹೊತ್ತು. ಅವರ ಬಸವಣ್ಣ ಆ ಮದುವೆಯ ಸುದ್ದಿ ಕೇಳಿ ಹಿಗ್ಗುವುದಿಲ್ಲ, ಅಂಜುತ್ತಾನೆ. ಮಕ್ಕಳ ತಲೆಯ ಮೇಲೆ ಏನು ಬೀಳಲಿದೆ ಎಂದು ಅವನಿಗೆ ಗೊತ್ತು. 1994ರಲ್ಲಿ ಆ ನಾಟಕಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ‘ರಕ್ತ ಕಲ್ಯಾಣ’ ಎಂಬ ಹೆಸರಿನಲ್ಲಿ ಹಿಂದಿಗೆ ಹೋಗಿ, ಇಬ್ರಾಹಿಂ ಅಲ್ಕಾಜಿಯವರ ನಿರ್ದೇಶನದಲ್ಲಿ ದಿಲ್ಲಿಯವರೂ ನೋಡಿದರು.

ಇವುಗಳಲ್ಲಿ ಯಾವುದೂ ಕ್ಯಾಲೆಂಡರಿನ ಬಸವಣ್ಣನನ್ನು ತೋರಿಸುವುದಿಲ್ಲ. ಅಲ್ಲೇ ತಕರಾರು ಶುರು. ‘ಮಹಾಚೈತ್ರ’ ವಿದ್ಯಾರ್ಥಿಗಳಿಗೆ ಪಠ್ಯವಾದಾಗ, 1990ರ ದಶಕದ ನಡುವಿನಲ್ಲಿ, ಅದನ್ನು ತೆಗೆದುಹಾಕಬೇಕೆಂದು ದೊಡ್ಡ ಚಳವಳಿಯೇ ನಡೆಯಿತು. ಪರವಾಗಿಯೂ ಲೇಖಕರು ನಿಂತರು. ಆಗ ಪತ್ರಿಕೆಗಳ ವಾಚಕರ ವಾಣಿ ಓದಿದವರಿಗೆ ನೆನಪಿರಬಹುದು: ನಾಟಕವನ್ನು ಓದಿ ವಿರೋಧಿಸಿದವರಿಗಿಂತ ಕೇಳಿ ವಿರೋಧಿಸಿದವರೇ ಬಹಳ. ನ್ಯೂಯಾರ್ಕಿನ ಧರ್ಮಗುರುವಿನ ಮಾತಿಗೂ ಇಲ್ಲಿಯ ಮಾತಿಗೂ ಭಾಷೆಯದಷ್ಟೇ ವ್ಯತ್ಯಾಸ.

ಈಗ ನಾಲ್ಕನೆಯವರ ವಿಷಯ. ಕಲಬುರ್ಗಿಯವರು ವೃತ್ತಿಯಿಂದ ನಾಟಕಕಾರರಲ್ಲ. 1938ರಲ್ಲಿ ಸಿಂದಗಿ ತಾಲ್ಲೂಕಿನ ಯರಗಲ್ಲಿನಲ್ಲಿ ಹುಟ್ಟಿ, ಧಾರವಾಡದಲ್ಲಿ ಕಲಿಸಿ, ಹಂಪಿಯ ಕನ್ನಡ ವಿಶ್ವವಿದ್ಯಾಲಯದ ಕುಲಪತಿಗಳಾದವರು. ಶಾಸನ, ಹಸ್ತಪ್ರತಿ, ವಚನ ಅವರ ಕ್ಷೇತ್ರ. ಸರಕಾರ ತಂದ ಸಮಗ್ರ ವಚನ ಸಂಪುಟಗಳ ಹಿಂದೆ ಅವರ ದುಡಿಮೆ ದೊಡ್ಡದು. ಆನ್‌ಸ್ಕಿ ಊರೂರು ಅಲೆದು ಕೂಡಿಸಿದಂತೆ ಇವರು ಮಠಮಠ ಅಲೆದು ತಾಳೆಗರಿ ಕೂಡಿಸಿದರು. ಇಷ್ಟೆಲ್ಲ ಸಂಶೋಧನೆ ಮಾಡಿದವರಿಗೆ ಕಡೆಗೆ ಒಂದು ನಾಟಕವನ್ನೂ ಬರೆಯಬೇಕೆನ್ನಿಸಿತಲ್ಲ, ಯಾಕೆ? ನನ್ನ ಊಹೆ ಇದು: ಅಡಿಟಿಪ್ಪಣಿಯಲ್ಲಿ ಹೇಳಿದ್ದು ನೂರು ಜನಕ್ಕೆ ಮುಟ್ಟುತ್ತದೆ; ರಂಗದ ಮೇಲೆ ಆಡಿದ್ದು ಓದು ಬಾರದವರಿಗೂ ಮುಟ್ಟುತ್ತದೆ. ಜಾತಿ ಬಿಡಿ ಎಂದ ಶರಣರ ಮಾತು ಮೊದಲು ಮುಟ್ಟಿದ್ದೂ ಅಂಥವರಿಗೇ ಅಲ್ಲವೆ?

ಅವರೂ ಬೆಲೆ ತೆತ್ತರು. ‘ಮಾರ್ಗ’ ಮೊದಲ ಸಂಪುಟದ ಲೇಖನಗಳಲ್ಲಿ ಶರಣರ ಕುಟುಂಬವನ್ನು ಕುರಿತು ಬರೆದ ಮಾತುಗಳಿಗಾಗಿ 1989ರಲ್ಲಿ ಅವರ ಮೇಲೆ ಒತ್ತಡ ಬಂತು, ಮಾತು ಹಿಂತೆಗೆದುಕೊಳ್ಳಬೇಕಾಯಿತು. ಅದೇ ಗ್ರಂಥಮಾಲೆಯ ನಾಲ್ಕನೇ ಸಂಪುಟಕ್ಕೆ 2006ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. 2015ರ ಆಗಸ್ಟ್ 30ರ ಬೆಳಿಗ್ಗೆ ಧಾರವಾಡದ ಕಲ್ಯಾಣನಗರದ ಮನೆಯ ಬಾಗಿಲಲ್ಲಿ ಅವರನ್ನು ಗುಂಡಿಕ್ಕಿ ಕೊಂದರು. ‘ಕೆಟ್ಟಿತ್ತು ಕಲ್ಯಾಣ’ ಬರೆದವರು ಬಿದ್ದದ್ದು ಕಲ್ಯಾಣನಗರದಲ್ಲಿ. ಸೋವಿಯತ್ ದೇಶದ ಹೆಸರಾಂತ ಯಿಡ್ಡಿಷ್ ನಟ ಸೊಲೊಮನ್ ಮಿಖೊಯೆಲ್ಸ್‌ನನ್ನು 1948ರ ಜನವರಿಯಲ್ಲಿ ಸ್ಟಾಲಿನ್ನನ ಆಳುಗಳು ಕೊಂದು ರಸ್ತೆ ಅಪಘಾತವೆಂದು ಸಾರಿದ್ದರು. ಮರುವರ್ಷ ಅವನ ರಂಗಮಂದಿರಕ್ಕೂ ಬೀಗ ಬಿತ್ತು. ಸಮುದಾಯದ ನೆನಪನ್ನು ಕಾಯುವವರ ಮೇಲೆ ಕಣ್ಣಿಡುವವರು ಎಲ್ಲ ದೇಶಗಳಲ್ಲೂ ಇದ್ದಾರೆ.

ಇವತ್ತಿಗೆ ಬರೋಣ. ಬಸವಣ್ಣನ ಹೆಸರಿನಲ್ಲಿ ನಾವು ಕಡಿಮೆಯೇನೂ ಮಾಡಿಲ್ಲ. ಬಸವಕಲ್ಯಾಣದಲ್ಲಿ 108 ಅಡಿಯ ಪ್ರತಿಮೆ ನಿಂತಿದೆ. ಹೊಸ ಅನುಭವ ಮಂಟಪಕ್ಕೆ 2021ರ ಜನವರಿಯಲ್ಲಿ ಅಡಿಗಲ್ಲು ಬಿತ್ತು. 2017ರ ಜುಲೈ 19ರಂದು ಲಿಂಗಾಯತ ಪ್ರತ್ಯೇಕ ಧರ್ಮದ ಬೇಡಿಕೆಯ ಬೃಹತ್ ಸಮಾವೇಶ ನಡೆದದ್ದು ನಮ್ಮ ಬೀದರ್‌ನಲ್ಲೇ. 2024ರ ಜನವರಿಯಲ್ಲಿ ಸರಕಾರ ಬಸವಣ್ಣನನ್ನು ಕರ್ನಾಟಕದ ಸಾಂಸ್ಕೃತಿಕ ನಾಯಕನೆಂದು ಘೋಷಿಸಿತು. ಬೇಡಿಕೆಯ ಪರ ವಿರೋಧದ ವಾದಕ್ಕೆ ನಾನಿಲ್ಲಿ ಇಳಿಯುವುದಿಲ್ಲ. ಆದರೆ ಪ್ರತಿಮೆ ಮಾತಾಡುವುದಿಲ್ಲ, ಘೋಷಣೆ ಪ್ರಶ್ನೆ ಕೇಳುವುದಿಲ್ಲ. ಹರಳಯ್ಯನ ಮಗನಿಗೆ ಮಗಳನ್ನು ಕೊಟ್ಟ ಮಧುವರಸ ಇವತ್ತು ನಮ್ಮ ಓಣಿಯಲ್ಲಿದ್ದರೆ ಅವನ ಮನೆಗೆ ಎಷ್ಟು ಜನ ಊಟಕ್ಕೆ ಹೋಗುತ್ತಾರೆ? ಇದನ್ನು ಮುಖಕ್ಕೆ ಹಿಡಿದು ಕೇಳಲು ನಾಟಕವೇ ಬೇಕು. ಸಾಣೇಹಳ್ಳಿಯ ಶಿವಸಂಚಾರ ತಂಡ 1997ರಿಂದ ಊರೂರು ತಿರುಗಿ ನಾಟಕ ಆಡುತ್ತ ಬಂದದ್ದನ್ನು ನೋಡಿದರೆ, ಮಠವೂ ಇಂಥ ಕೆಲಸಕ್ಕೆ ನೆರಳು ಕೊಡಬಲ್ಲದು ಎಂಬುದು ಸ್ಪಷ್ಟವಾಗುತ್ತದೆ.

ನಮ್ಮ ಜಿಲ್ಲೆಗೆ ಇದು ಇನ್ನೂ ಒಂದು ಕಾರಣಕ್ಕೆ ಮುಖ್ಯ. 1948ರ ಸೆಪ್ಟೆಂಬರಿನವರೆಗೆ ನಾವು ನಿಜಾಮರ ರಾಜ್ಯದಲ್ಲಿದ್ದೆವು. ಶಾಲೆಯ ಮಾತು, ಕಚೇರಿಯ ಮಾತು ಉರ್ದು. ಭಾಲ್ಕಿಯ ಚನ್ನಬಸವ ಪಟ್ಟದ್ದೇವರು ಹೊರಗೆ ಉರ್ದು ಫಲಕ ಹಾಕಿ ಒಳಗೆ ಕನ್ನಡ ಕಲಿಸಿದ ಕತೆ ಇಲ್ಲಿಯ ಮಕ್ಕಳಿಗೆಲ್ಲ ಗೊತ್ತು. ನೂರು ದಾಟಿ ಬದುಕಿ 1999ರಲ್ಲಿ ಲಿಂಗೈಕ್ಯರಾದ ಅವರ ಹೆಸರೇ ಬೀದರ್‌ನ ಜಿಲ್ಲಾ ರಂಗಮಂದಿರಕ್ಕೂ ಇದೆ. ಫಲಕದ ಹಿಂದೆ ಅಡಗಿ ಉಳಿದ ಭಾಷೆಗೆ ಈಗ ರಂಗಮಂದಿರವಿದೆ. ಯಿಡ್ಡಿಷಿಗೆ ಆ ಭಾಗ್ಯ ಸಿಗಲಿಲ್ಲ. ಒಂದು ಕಾಲಕ್ಕೆ ಒಂದು ಕೋಟಿಗೂ ಹೆಚ್ಚು ಜನ ಆಡುತ್ತಿದ್ದ ಭಾಷೆಯನ್ನು ಇವತ್ತು ದಿನಬಳಕೆಯಲ್ಲಿ ಉಳಿಸಿಕೊಂಡವರು ಬಹುಮಟ್ಟಿಗೆ ಕಟ್ಟಾ ಸಂಪ್ರದಾಯದ ಕೆಲವು ಪಂಗಡಗಳು ಮಾತ್ರ. ಮತ್ತು ಅವರು ನಾಟಕಕ್ಕೆ ಹೋಗುವವರಲ್ಲ!

1956ರ ನವೆಂಬರ್ 1ರಂದು ಹಳೆಯ ಬೀದರ್ ಜಿಲ್ಲೆ ಮೂರು ಪಾಲಾಯಿತು. ಉದಗೀರ, ನಿಲಂಗಾ ಮರಾಠಿಯ ಕಡೆ ಹೋದವು. ಜಹೀರಾಬಾದ್, ನಾರಾಯಣಖೇಡ ತೆಲುಗಿನ ಕಡೆ. ಗೆರೆ ನಕಾಶೆಯಲ್ಲಿ ಬಿತ್ತು, ನಾಲಿಗೆಯ ಮೇಲೆ ಬೀಳಲಿಲ್ಲ. ಔರಾದ್ ಕಡೆಯ ಹುಡುಗ ಮನೆಯಲ್ಲಿ ಮರಾಠಿ, ಓಣಿಯಲ್ಲಿ ದಖನಿ ಉರ್ದು, ಶಾಲೆಯಲ್ಲಿ ಕನ್ನಡ ಆಡುತ್ತಾನೆ. ‘ಸರ್, ನಾಟಕದಾಗ ಯಾವ ಭಾಷಾ ಮಾತಾಡ್ಲಿ?’ ಎಂದು ಅವನು ಕೇಳಿದರೆ ನಾವು ‘ಶುದ್ಧ ಕನ್ನಡ ಮಾತಾಡು’ ಅನ್ನುತ್ತೇವೆ. ಅಲ್ಲಿಗೆ ಅವನ ಅರ್ಧ ಜೀವ ಹೋಯಿತು. ಹರಳಯ್ಯ ನಮ್ಮ ನೆಲದವನಾದರೆ ಅವನು ‘ಏನ್ ಮಾಡ್ಲತ್ತೀರಿ ಅಪ್ಪೋರೆ’ ಎಂದರೆ ಏನು ಕೆಟ್ಟಿತು? ಯಹೂದಿಗಳು ತಮ್ಮ ನಾಟಕವನ್ನು ಯಿಡ್ಡಿಷ್, ಹೀಬ್ರೂ, ರಷ್ಯನ್, ಇಂಗ್ಲಿಷ್ ಎಲ್ಲದರಲ್ಲೂ ಆಡಿದರು. ಅವರ ಗುರುತು ಅದರಿಂದ ಕರಗಲಿಲ್ಲ, ಗಟ್ಟಿಯಾಯಿತು.

ಬರೀ ಕಲ್ಯಾಣವೇ ಯಾಕೆ? ನಮ್ಮಲ್ಲಿ ಇನ್ನೂ ರಂಗಕ್ಕೆ ಬರಬೇಕಾದ ಕತೆಗಳಿವೆ. 1948ರ ಮೇ ತಿಂಗಳಲ್ಲಿ ಬಸವಕಲ್ಯಾಣ ತಾಲ್ಲೂಕಿನ ಗೋರ್ಟಾದಲ್ಲಿ ರಜಾಕಾರರು ಹಳ್ಳಿಗರನ್ನು ಕೊಂದರು. ಅದೇ ವರ್ಷ ಪೊಲೀಸ್ ಕಾರ್ಯಾಚರಣೆಯ ನಂತರ ಯಾವ ತಪ್ಪೂ ಮಾಡದ ಮುಸ್ಲಿಂ ಕುಟುಂಬಗಳ ಮೇಲೆ ನಡೆದ ಹಿಂಸೆಯನ್ನು ಪಂಡಿತ ಸುಂದರಲಾಲ್ ಸಮಿತಿ ದಾಖಲಿಸಿತು. ಅತಿ ಹೆಚ್ಚು ನೊಂದ ಜಿಲ್ಲೆಗಳಲ್ಲಿ ಬೀದರ್ ಒಂದು. ಇವೆರಡೂ ನಮ್ಮ ನೆಲದ ನೋವುಗಳೇ. ಒಂದನ್ನು ಮಾತ್ರ ಹೇಳಿ ಇನ್ನೊಂದನ್ನು ಮುಚ್ಚಿಡುವುದು ರಾಜಕೀಯವಾದೀತು, ನಾಟಕವಾಗದು. ರೋಕೆಮ್ ಅವರ ಮಾತು ಇಲ್ಲಿ ಕೆಲಸಕ್ಕೆ ಬರುತ್ತದೆ: ಕಣ್ಣಾರೆ ಕಂಡವರು ತೀರಿಹೋದ ಮೇಲೆ ಸಾಕ್ಷಿ ಹೇಳಬೇಕಾದವನು ನಟ. ಆಗ ಹತ್ತು ವರ್ಷದವರಾಗಿದ್ದವರಿಗೆ ಈಗ ಎಂಬತ್ತೈದು ದಾಟಿದೆ.

ನಾಟಕ ಆಡಿದರೆ ತೊಂದರೆ ಬರುವುದಿಲ್ಲವೆ ಎಂದು ಮೇಷ್ಟ್ರುಗಳು ಕೇಳುತ್ತಾರೆ. ಅವರ ಅಂಜಿಕೆ ಸುಳ್ಳಲ್ಲ. 2020ರ ಜನವರಿಯಲ್ಲಿ ಬೀದರ್‌ನ ಒಂದು ಶಾಲೆಯ ಮಕ್ಕಳು ಪೌರತ್ವದ ಕಾನೂನನ್ನು ಕುರಿತು ಆಡಿದ ನಾಟಕಕ್ಕೆ ರಾಜದ್ರೋಹದ ಮೊಕದ್ದಮೆ ಬಿತ್ತು. ಒಬ್ಬ ಶಿಕ್ಷಕಿ, ಒಬ್ಬ ತಾಯಿ ಜೈಲು ಕಂಡರು; ಚಿಕ್ಕ ಮಕ್ಕಳನ್ನು ಪೊಲೀಸರು ಮತ್ತೆಮತ್ತೆ ವಿಚಾರಿಸಿದರು. 2023ರ ಜೂನ್‌ನಲ್ಲಿ ಹೈಕೋರ್ಟು ಆ ಪ್ರಕರಣವನ್ನು ರದ್ದುಮಾಡಿತು. ನಾಟಕದ ವಿಷಯ ಒಪ್ಪುವುದು ಬಿಡುವುದು ಅವರವರಿಗೆ ಸೇರಿದ್ದು. ಆದರೆ ಮಕ್ಕಳ ಮಾತಿಗೆ ಉತ್ತರ ಇನ್ನೊಂದು ಮಾತಾಗಬೇಕು, ಠಾಣೆಯಾಗಬಾರದು. ಹಾಗಾದ ಊರಿನಲ್ಲಿ ಮುಂದಿನ ವರ್ಷದ ಸಮ್ಮೇಳನಕ್ಕೆ ಮಕ್ಕಳು ಸಿನೆಮಾ ಹಾಡಿಗೆ ಕುಣಿದು ಮನೆಗೆ ಹೋಗುತ್ತಾರೆ. ಅದರಲ್ಲಿ ಯಾರಿಗೂ ಅಪಾಯವಿಲ್ಲ, ಯಾರಿಗೂ ಏನೂ ಸಿಗುವುದೂ ಇಲ್ಲ.

ಹಾಗಾದರೆ ಮಾಡುವುದೇನು? ನನ್ನದು ಸಣ್ಣ ಸಲಹೆ. ಆನ್‌ಸ್ಕಿಯ 2,087 ಪ್ರಶ್ನೆ ನಮ್ಮಿಂದಾಗದು. ಬೀದರ್, ಭಾಲ್ಕಿ, ಔರಾದ್‌ನ ಪ್ರತಿ ಪ್ರೌಢಶಾಲೆಯ ಒಂಬತ್ತನೇ ತರಗತಿ ಇಪ್ಪತ್ತು ಪ್ರಶ್ನೆಗಳ ಒಂದು ಹಾಳೆ ತಯಾರಿಸಲಿ. ನಿಮ್ಮೂರಿನಲ್ಲಿ ಮೊದಲು ನಾಟಕ ಆಡಿದವರು ಯಾರು? ಯಾವ ಭಾಷೆಯಲ್ಲಿ? ಹೆಣ್ಣಿನ ಪಾತ್ರ ಮಾಡುತ್ತಿದ್ದವರು ಯಾರು? ಹರಳಯ್ಯನ ಪಾತ್ರ ಯಾರಿಗೆ ಕೊಡುತ್ತಿದ್ದರು, ಯಾರಿಗೆ ಕೊಡುತ್ತಿರಲಿಲ್ಲ? ಕೊನೆಯ ಈ ಪ್ರಶ್ನೆಯ ಉತ್ತರದಲ್ಲೇ ಒಂದು ನಾಟಕವಿದೆ. ಮಕ್ಕಳು ದೀಪಾವಳಿ ರಜೆಯಲ್ಲಿ ಅಜ್ಜ ಅಜ್ಜಿಯರನ್ನು ಕೇಳಿ ಬರೆದುಕೊಂಡು ಬರಲಿ. ಈಗ ಮೇಣದ ಉರುಳೆ ಬೇಕಿಲ್ಲ, ಮನೆಯ ಮೊಬೈಲಿನಲ್ಲೇ ದನಿ ಹಿಡಿಯಬಹುದು. ಕನ್ನಡದ ಮೇಷ್ಟ್ರು, ಉರ್ದು ಟೀಚರು, ಮರಾಠಿ ಬಲ್ಲವರು ಕೂಡಿ ಅದರಿಂದ ಅರ್ಧ ಗಂಟೆಯ ಆಟ ಕಟ್ಟಲಿ. ದೀಪದ ತಂತಿ ಜೋಡಿಸಲು ವಿಜ್ಞಾನದ ಮೇಷ್ಟ್ರು ಇದ್ದೇ ಇದ್ದಾರೆ.

ನೋಡಲು ಬಂದ ಹಿರಿಯರು ನಡುವೆ ಎದ್ದು ನಿಂತು ‘ಹಂಗಲ್ಲೋ ತಮ್ಮಾ, ಹಿಂಗಾಗಿತ್ತು’ ಅಂದರೆ ಗಾಬರಿಯಾಗಬೇಡಿ. ಅವರಿಗೂ ಒಂದು ಮೈಕು ಕೊಡಿ.